ದೇಶಭಕ್ತಿ ಗೀತೆಗಳು ಮತ್ತು ರಾಷ್ಟ್ರಲಾಂಛನಗಳು: ಖಡಕಿ, ಪುಣೆ ಮತ್ತು ಕನ್ನಡನಾಡು

ದೇಶಭಕ್ತಿ ಗೀತೆಗಳು ಮತ್ತು ರಾಷ್ಟ್ರಲಾಂಛನಗಳು ಎಂದರೆ ಬೇರೆ ಬೇರೆ ಭಾಷೆ, ಜಾತಿ, ಮತಗಳ ಜನ ತಾವೆಲ್ಲ ಒಂದೇ ದೇಶದವರೆಂಬುದನ್ನು ಕೂಡಿ ಹಾಡಿ, ಏರಿಸಿ, ಧರಿಸಿ, ವಂದಿಸಿ ತೋರಿಸಿಕೊಳ್ಳುವ ಹಾಡು, ಬಾವುಟ, ಮುದ್ರೆ, ಪದಕ ಮತ್ತು ಸ್ಮಾರಕಗಳು. ಭಾರತದಲ್ಲಿ ಇವು 19ನೇ ಶತಮಾನದ ಕೊನೆಯ ದಶಕಗಳಲ್ಲಿ ರೂಪುಗೊಳ್ಳತೊಡಗಿ, 1947ರಿಂದ 1950ರ ನಡುವೆ ಅಧಿಕೃತ ಮನ್ನಣೆ ಪಡೆದವು.

ಪುಣೆ ನಗರಕ್ಕೆ ಹೊಂದಿಕೊಂಡು ಮುಳಾ ನದಿಯ ಬದಿಗಿರುವ ದಂಡುಪ್ರದೇಶ ಖಡಕಿ. ಇಂಗ್ಲಿಷರ ಬರಹಗಳಲ್ಲಿ ಇದು ‘ಕಿರ್ಕೀ’. ರಾಷ್ಟ್ರಲಾಂಛನಗಳ ಚರಿತ್ರೆಯಲ್ಲಿ ಈ ಊರು ಎರಡು ಸಲ ಎದುರಾಗುತ್ತದೆ. 1817ರಲ್ಲಿ ಇಲ್ಲಿ ನಡೆದ ಕಾಳಗದ ಫಲವಾಗಿ ಪುಣೆಯ ಮೇಲೂ, ಅದರ ಬೆನ್ನಿಗೇ ಧಾರವಾಡ, ಬಾದಾಮಿ, ಬೆಳಗಾವಿಗಳ ಮೇಲೂ ಬ್ರಿಟಿಷ್ ಬಾವುಟ ಹಾರಿತು. ಇಲ್ಲಿನ ಸೇನಾ ಕೇಂದ್ರದಲ್ಲಿ ಪಳಗಿದ ಕಾರವಾರ ತಾಲ್ಲೂಕಿನ ಯೋಧರೊಬ್ಬರು 1948ರಲ್ಲಿ ಮೆರೆದ ಸಾಹಸಕ್ಕಾಗಿ ಸ್ವತಂತ್ರ ಭಾರತದ ಅತ್ಯುನ್ನತ ಶೌರ್ಯಪದಕಕ್ಕೆ ಪಾತ್ರರಾದರು. ಈ ಎರಡರ ನಡುವಣ ಕಾಲದ ಬಹುಪಾಲು ಪುಣೆಯೂ ಉತ್ತರ ಕರ್ನಾಟಕದ ಜಿಲ್ಲೆಗಳೂ ಒಂದೇ ಮುಂಬಯಿ ಪ್ರಾಂತಕ್ಕೆ ಸೇರಿದ್ದವು. ಉತ್ಸವ, ಹಾಡು, ಬಾವುಟಗಳು ಈ ದಾರಿಯಲ್ಲೇ ಓಡಾಡಿದವು. ಕನ್ನಡನಾಡಿನ ರಾಷ್ಟ್ರೀಯ ಭಾವನೆಯನ್ನು ಮೈಸೂರು ಸಂಸ್ಥಾನದ ಕಡೆಯಿಂದ ಮಾತ್ರ ನೋಡಿದರೆ ಈ ಅರ್ಧ ಕಾಣದೆ ಹೋಗುತ್ತದೆ.

ಪರಿಭಾಷೆ

ಈ ಲೇಖನದಲ್ಲಿ ‘ರಾಷ್ಟ್ರಗೀತೆ’ ಎಂದರೆ ರವೀಂದ್ರನಾಥ ಠಾಕೂರರ ‘ಜನ ಗಣ ಮನ’. ‘ರಾಷ್ಟ್ರೀಯ ಗೀತೆ’ ಎಂದರೆ ಬಂಕಿಮಚಂದ್ರ ಚಟ್ಟೋಪಾಧ್ಯಾಯರ ‘ವಂದೇ ಮಾತರಂ’. ಕರ್ನಾಟಕ ರಾಜ್ಯದ ಅಧಿಕೃತ ಗೀತೆಗೆ ‘ನಾಡಗೀತೆ’ ಎಂಬ ಹೆಸರು ನೆಲೆಗೊಂಡಿದೆ. ಬಾವುಟ, ಧ್ವಜ, ಝಂಡಾ, ನಿಶಾನೆ ಇವು ಒಂದೇ ವಸ್ತುವಿನ ಹೆಸರುಗಳಾದರೂ ಬಳಕೆ ಬೇರೆ. ಸರ್ಕಾರಿ ಬರಹದಲ್ಲಿ ಧ್ವಜ, ಶಾಲೆಯ ಹಾಡಿನಲ್ಲಿ ಬಾವುಟ, ಹುಬ್ಬಳ್ಳಿ, ಬೆಳಗಾವಿ ಕಡೆಯ ಮಾತಿನಲ್ಲಿ ಝಂಡಾ. ನಿಶಾನೆ ಎಂಬುದು ದೇವರ ಉತ್ಸವದ ಮುಂದೆ ಹಿಡಿಯುವ ಬಾವುಟಕ್ಕೂ ದಂಡಿನ ಪತಾಕೆಗೂ ಸಲ್ಲುವ ಹಳೆಯ ಮಾತು. ‘ಲಾಂಛನ’ ಎಂಬುದನ್ನು ಇಲ್ಲಿ ಎರಡು ಅರ್ಥದಲ್ಲಿ ಬಳಸಿದೆ: ವಿಶಾಲವಾಗಿ ದೇಶವನ್ನು ಸೂಚಿಸುವ ಯಾವುದೇ ಗುರುತು, ಖಚಿತವಾಗಿ, ಸಾರನಾಥದ ಸಿಂಹಶಿಖರದ ರಾಷ್ಟ್ರಮುದ್ರೆ.

ಹಿನ್ನೆಲೆ: ಖಡಕಿ ಕಾಳಗ

1817ರ ನವೆಂಬರ್ 5ರಂದು ಖಡಕಿಯ ಬಯಲಿನಲ್ಲಿ ಎರಡನೇ ಬಾಜಿರಾವ್ ಪೇಶ್ವೆಯ ಸೈನ್ಯಕ್ಕೂ ಈಸ್ಟ್ ಇಂಡಿಯಾ ಕಂಪನಿಯ ಪಡೆಗೂ ಕಾಳಗ ನಡೆಯಿತು. ಪೇಶ್ವೆಯ ಕಡೆ ಬಾಪು ಗೋಖಲೆ ದಳಪತಿ. ಕಂಪನಿಯ ಕಡೆ ಕರ್ನಲ್ ಬರ್. ರೆಸಿಡೆಂಟ್ ಮೌಂಟ್‌ಸ್ಟುವರ್ಟ್ ಎಲ್ಫಿನ್‌ಸ್ಟನ್ ಪುಣೆಯ ನದೀಸಂಗಮದ ಬಳಿಯ ತನ್ನ ಬಂಗಲೆಯನ್ನು ಬಿಟ್ಟು ಖಡಕಿಯ ಪಡೆಯನ್ನು ಸೇರಿಕೊಂಡಿದ್ದ. ಬಂಗಲೆ ಬೆಂಕಿಗೆ ಆಹುತಿಯಾಯಿತು. ಬಾಜಿರಾವ್ ಪರ್ವತಿ ಗುಡ್ಡದ ಮೇಲಿಂದ ಕಾಳಗ ನೋಡುತ್ತಿದ್ದ. ಮರಾಠರ ರಾಜಧ್ವಜ ಜರಿಪಟಕಾ. ಅಂದು ಅದರ ಕೋಲು ಮುರಿದುದನ್ನು ಸೈನ್ಯ ಅಪಶಕುನವೆಂದು ಬಗೆಯಿತೆಂದು ಗ್ರ್ಯಾಂಟ್ ಡಫ್ ತನ್ನ ಮರಾಠರ ಇತಿಹಾಸದಲ್ಲಿ ದಾಖಲಿಸಿದ್ದಾನೆ. ಬಟ್ಟೆ, ಕೋಲುಗಳ ಒಂದು ಬಾವುಟಕ್ಕೆ ದಂಡಿನ ಧೈರ್ಯವನ್ನು ಏರಿಸುವ, ಇಳಿಸುವ ಶಕ್ತಿಯಿದೆ ಎಂಬುದಕ್ಕೆ ಈ ಭಾಗದ ಚರಿತ್ರೆಯಲ್ಲಿ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ಇಲ್ಲ. ನವೆಂಬರ್ 17ರಂದು ಪೇಶ್ವೆಯ ಅರಮನೆ ಶನಿವಾರವಾಡೆಯ ಮೇಲೆ, ಕಂಪನಿಯ ಪಕ್ಷ ಸೇರಿದ್ದ ಬಾಳಾಜಿಪಂತ ನಾತು ಯೂನಿಯನ್ ಜಾಕ್ ಏರಿಸಿದ.

ಈ ಸೋಲು ಕನ್ನಡನಾಡಿಗೂ ತಟ್ಟಿತು. ಪೇಶ್ವೆಯ ಆಳ್ವಿಕೆಯಲ್ಲಿದ್ದ ಕನ್ನಡ ಪ್ರದೇಶಗಳನ್ನು ಥಾಮಸ್ ಮನ್ರೋ ಧಾರವಾಡವನ್ನು ನೆಲೆ ಮಾಡಿಕೊಂಡು ಒಂದೊಂದಾಗಿ ಹಿಡಿದ. 1818ರ ಫೆಬ್ರವರಿಯಲ್ಲಿ ಬಾದಾಮಿ, ಏಪ್ರಿಲ್‌ನಲ್ಲಿ ಬೆಳಗಾವಿ ಕೋಟೆ ಕಂಪನಿಯ ವಶವಾದವು. ಆರು ವರ್ಷಗಳ ನಂತರ, 1824ರ ಅಕ್ಟೋಬರ್ 23ರಂದು, ಇದೇ ಹೊಸ ಆಡಳಿತದ ಧಾರವಾಡದ ಕಲೆಕ್ಟರ್ ಥ್ಯಾಕರೆ ರಾಣಿ ಚೆನ್ನಮ್ಮನ ಪಡೆಯೊಡನೆ ನಡೆದ ಕಾಳಗದಲ್ಲಿ ಕಿತ್ತೂರಿನ ಕೋಟೆಯ ಮುಂದೆ ಸತ್ತ.

ಖಡಕಿ ಕಾಳಗದ ಮುಂದುವರಿಕೆಯಾಗಿ 1818ರ ಜನವರಿ 1ರಂದು ಕೋರೆಗಾಂವ್‌ನಲ್ಲಿ ನಡೆದ ಹೋರಾಟದ ನೆನಪಿಗೆ ಕಂಪನಿ ಕಲ್ಲುಕಂಬ ನಿಲ್ಲಿಸಿತು. ಅದರ ಮೇಲೆ ಮಡಿದ ಮಹಾರ್ ಸೈನಿಕರ ಹೆಸರುಗಳೂ ಇವೆ. ವಿಜಯದ ಗುರುತಾಗಿ ನಿಂತ ಈ ಕಂಬ 1927ರ ಜನವರಿ 1ರಂದು ಡಾ. ಬಿ.ಆರ್. ಅಂಬೇಡ್ಕರ್ ಅಲ್ಲಿಗೆ ಭೇಟಿಯಿತ್ತ ಮೇಲೆ ಅಸ್ಪೃಶ್ಯರೆನಿಸಿದವರ ಸ್ವಾಭಿಮಾನದ ಲಾಂಛನವಾಯಿತು. ಸ್ವಾತಂತ್ರ್ಯದವರೆಗೂ ಮಹಾರ್ ರೆಜಿಮೆಂಟಿನ ಬಿಲ್ಲೆಯ ಮೇಲೆ ಅದರ ಚಿತ್ರವಿತ್ತು. ಲಾಂಛನದ ಅರ್ಥ ಅದನ್ನು ನಿಲ್ಲಿಸಿದವನ ಕೈಯಲ್ಲೇ ಉಳಿಯುವುದಿಲ್ಲ.

ಗೀತೆಗಳು

ಲಾವಣಿ. ಕನ್ನಡದಲ್ಲಿ ದೇಶಭಕ್ತಿ ಗೀತೆಯ ಮೊದಲ ರೂಪ ಲಾವಣಿ. ಕಿತ್ತೂರು ಚೆನ್ನಮ್ಮ, ಸಂಗೊಳ್ಳಿ ರಾಯಣ್ಣ, 1857ರ ಹಲಗಲಿಯ ಬೇಡರು ಇವರ ಕಥೆಗಳು ಡಪ್ಪು, ತುಂತುಣಿಗಳ ಜೊತೆ ಸಂತೆ, ಜಾತ್ರೆಗಳಲ್ಲಿ ಹಾಡಾಗಿ ಉಳಿದವು. ರಾಯಣ್ಣನ ಮತ್ತು ಹಲಗಲಿಯ ಲಾವಣಿಗಳನ್ನು ಬರೆದಿಟ್ಟು 1880ರ ದಶಕದಲ್ಲಿ ‘ಇಂಡಿಯನ್ ಆಂಟಿಕ್ವರಿ’ಯಲ್ಲಿ ಪ್ರಕಟಿಸಿದವನು ಮುಂಬಯಿ ಸರ್ಕಾರದ ಅಧಿಕಾರಿಯೇ ಆಗಿದ್ದ ಜೆ.ಎಫ್. ಫ್ಲೀಟ್. ರಾಯಣ್ಣ ಹುಟ್ಟಿದ್ದು ಆಗಸ್ಟ್ 15ರಂದು, ನಂದಗಡದಲ್ಲಿ ನೇಣಿಗೇರಿದ್ದು 1831ರ ಜನವರಿ 26ರಂದು ಎಂಬುದು ನಾಡಿನಲ್ಲಿ ರೂಢವಾಗಿರುವ ಲೆಕ್ಕ. ಎರಡೂ ಮುಂದೆ ರಾಷ್ಟ್ರೀಯ ದಿನಗಳಾದ ಕಾರಣ ಆತನ ಸ್ಮರಣೆ ಧ್ವಜವಂದನೆಯೊಂದಿಗೆ ಬೆಸೆದುಕೊಂಡಿದೆ.

ಮೇಳದ ಹಾಡುಗಳು. ಬಾಲಗಂಗಾಧರ ಟಿಳಕರು 1893ರಿಂದ ಪುಣೆಯಲ್ಲಿ ಗಣೇಶೋತ್ಸವವನ್ನು ಸಾರ್ವಜನಿಕಗೊಳಿಸಿದಾಗ ಅದರ ಜೀವಾಳವಾದದ್ದು ಮೇಳಗಳು: ಒಂದೇ ಬಗೆಯ ಉಡುಪು ತೊಟ್ಟ ಹುಡುಗರ ತಂಡ ಮಂಟಪದಿಂದ ಮಂಟಪಕ್ಕೆ ಹೋಗಿ ದೇವರ ಪದಗಳ ನಡುವೆ ದೇಶದ ಪದಗಳನ್ನೂ ಸೇರಿಸಿ ಹಾಡುತ್ತಿತ್ತು. ಈ ಪದ್ಧತಿ ಬೆಳಗಾವಿ, ಧಾರವಾಡ, ಹುಬ್ಬಳ್ಳಿಗಳಿಗೂ ಹಬ್ಬಿತು. 1916ರ ಏಪ್ರಿಲ್‌ನಲ್ಲಿ ಟಿಳಕರು ತಮ್ಮ ಹೋಮ್‌ರೂಲ್ ಲೀಗನ್ನು ಸ್ಥಾಪಿಸಿದ್ದು ಬೆಳಗಾವಿಯಲ್ಲೇ.

ವಂದೇ ಮಾತರಂ. ಬಂಕಿಮರ ‘ಆನಂದಮಠ’ 1882ರಲ್ಲಿ ಪುಸ್ತಕರೂಪ ತಾಳಿತು. ಬಿ. ವೆಂಕಟಾಚಾರ್ಯರ ಅನುವಾದದಿಂದ ಅದು 19ನೇ ಶತಮಾನ ಮುಗಿಯುವ ಮುನ್ನವೇ ಕನ್ನಡ ಓದುಗರಿಗೆ ದೊರೆಯಿತು. 1896ರ ಕಲ್ಕತ್ತಾ ಕಾಂಗ್ರೆಸ್ ಅಧಿವೇಶನದಲ್ಲಿ ಈ ಗೀತೆಯನ್ನು ಠಾಕೂರರು ಹಾಡಿದರು. 1905ರ ವಂಗಭಂಗದ ನಂತರ ಅದು ಘೋಷಣೆಯಾಯಿತು. ಸಂಗೀತದ ಕಡೆಯಿಂದ ಇದಕ್ಕೆ ದುಡಿದವರಲ್ಲಿ ಇಬ್ಬರು ಈ ಪ್ರದೇಶದವರು. ಕುರುಂದವಾಡದಲ್ಲಿ ಹುಟ್ಟಿ ಮಿರಜಿನಲ್ಲಿ ಕಲಿತ ವಿಷ್ಣು ದಿಗಂಬರ ಪಲುಸ್ಕರರು ಕಾಂಗ್ರೆಸ್ ಅಧಿವೇಶನಗಳಲ್ಲಿ ಅದನ್ನು ಹಾಡುತ್ತಿದ್ದರು. 1923ರ ಕಾಕಿನಾಡ ಅಧಿವೇಶನದಲ್ಲಿ ಅಧ್ಯಕ್ಷ ಮೌಲಾನಾ ಮಹಮ್ಮದ್ ಅಲಿಯವರು ಆಕ್ಷೇಪಿಸಿದರೂ ಹಾಡನ್ನು ನಿಲ್ಲಿಸಲಿಲ್ಲ. ಪುಣೆಯ ಮಾಸ್ಟರ್ ಕೃಷ್ಣರಾವ್ ಫುಲಂಬ್ರೀಕರರು ಝಿಂಝೋಟಿ ರಾಗದಲ್ಲಿ ಅದಕ್ಕೆ ಸ್ವರ ಸಂಯೋಜಿಸಿ, ಇದೇ ರಾಷ್ಟ್ರಗೀತೆಯಾಗಲೆಂದು ಸಂವಿಧಾನ ಸಭೆಯ ಕಾಲದಲ್ಲಿ ದೆಹಲಿಯವರೆಗೆ ಹೋಗಿ ಹಾಡಿ ತೋರಿಸಿದರು.

ದೇಶವನ್ನು ದೇವಿಯಾಗಿ ಕಾಣುವ ಚರಣಗಳ ಬಗ್ಗೆ ಎದ್ದ ಆಕ್ಷೇಪವನ್ನು ಪರಿಗಣಿಸಿ 1937ರಲ್ಲಿ ಕಾಂಗ್ರೆಸ್ ಕಾರ್ಯಸಮಿತಿ ಮೊದಲ ಎರಡು ಚರಣಗಳನ್ನು ಮಾತ್ರ ಸಭೆಗಳಲ್ಲಿ ಹಾಡುವಂತೆ ತೀರ್ಮಾನಿಸಿತು. 1950ರ ಜನವರಿ 24ರಂದು ಸಂವಿಧಾನ ಸಭೆಯಲ್ಲಿ ಡಾ. ರಾಜೇಂದ್ರ ಪ್ರಸಾದರು ‘ಜನ ಗಣ ಮನ’ ರಾಷ್ಟ್ರಗೀತೆಯೆಂದೂ, ಸ್ವಾತಂತ್ರ್ಯ ಹೋರಾಟದಲ್ಲಿ ಚಾರಿತ್ರಿಕ ಪಾತ್ರ ವಹಿಸಿದ ‘ವಂದೇ ಮಾತರಂ’ಗೆ ಸಮಾನ ಗೌರವವಿರುವುದೆಂದೂ ಪ್ರಕಟಿಸಿದರು.

ರಾಷ್ಟ್ರಗೀತೆ. ‘ಜನ ಗಣ ಮನ’ ಮೊದಲು ಹಾಡಿದ್ದು 1911ರ ಡಿಸೆಂಬರ್ 27ರಂದು, ಕಲ್ಕತ್ತಾ ಕಾಂಗ್ರೆಸ್ ಅಧಿವೇಶನದಲ್ಲಿ. ಐದು ಚರಣಗಳಲ್ಲಿ ಮೊದಲನೆಯದಷ್ಟೇ ರಾಷ್ಟ್ರಗೀತೆ. ಹಾಡಲು ಸುಮಾರು 52 ಸೆಕೆಂಡು ಬೇಕು. ಅದರಲ್ಲಿ ಪ್ರಾಂತಗಳ ಹೆಸರುಗಳ ಸರಣಿಯಿದೆ, ಕರ್ನಾಟಕದ ಹೆಸರಿಲ್ಲ. ಕನ್ನಡಿಗರು ‘ದ್ರಾವಿಡ’ ಎಂಬ ಮಾತಿನಲ್ಲಿ ಅಡಕವಾಗಿದ್ದಾರೆ. ಗೀತೆ ಹುಟ್ಟಿದಾಗ ಕರ್ನಾಟಕವೆಂಬ ಆಡಳಿತ ಘಟಕವೇ ಇರಲಿಲ್ಲ: ಕನ್ನಡಿಗರು ಮೈಸೂರು, ಮುಂಬಯಿ, ಮದ್ರಾಸು, ಹೈದರಾಬಾದ್, ಕೊಡಗು ಮತ್ತು ಸಣ್ಣ ಸಂಸ್ಥಾನಗಳಲ್ಲಿ ಹಂಚಿಹೋಗಿದ್ದರು. ಕನ್ನಡ ದೇಶಭಕ್ತಿ ಗೀತೆಯ ವಿಶಿಷ್ಟ ಲಕ್ಷಣ ಇಲ್ಲಿಂದಲೇ ಹುಟ್ಟಿತು. ದೇಶ ಬಿಡುಗಡೆಯಾಗಬೇಕು, ನಾಡು ಒಂದಾಗಬೇಕು ಎಂಬ ಎರಡು ಆಸೆಗಳನ್ನು ಅದು ಒಂದೇ ಉಸಿರಿನಲ್ಲಿ ಹಾಡಬೇಕಾಯಿತು.

ಕನ್ನಡ ಗೀತೆಗಳು. ಶಾಂತಕವಿಗಳು (ಸಕ್ಕರಿ ಬಾಳಾಚಾರ್ಯ, 1856–1920) ತಮ್ಮ ಕೀರ್ತನೆ, ಪದ್ಯಗಳಲ್ಲಿ ಕರ್ನಾಟಕದೇವಿಯ ಕಲ್ಪನೆಯನ್ನು ಬಿತ್ತಿದರು. ಮುಂದಿನ ತಲೆಮಾರು ಪುಣೆಯ ಫರ್ಗ್ಯುಸನ್ ಕಾಲೇಜಿನಲ್ಲಿ ಕಲಿತದ್ದು. ಆಲೂರು ವೆಂಕಟರಾಯರು, ಹುಯಿಲಗೋಳ ನಾರಾಯಣರಾಯರು, ದ.ರಾ. ಬೇಂದ್ರೆ ಮೂವರೂ ಅಲ್ಲಿ ಓದಿದವರು. ಟಿಳಕರ ಪುಣೆಯ ಬಿಸಿಯನ್ನು ಧಾರವಾಡ, ಗದಗಗಳಿಗೆ ಹೊತ್ತು ತಂದವರು ಇವರೇ. ಆಲೂರರು ‘ಕರ್ನಾಟಕ ಗತವೈಭವ’ (1917) ಬರೆದು, ಕರ್ನಾಟಕತ್ವ ಭಾರತೀಯತೆಗೆ ಎದುರಾದುದಲ್ಲ, ಅದರ ಅಂಗವೆಂದು ವಾದಿಸಿದರು. ಹುಯಿಲಗೋಳರ ‘ಉದಯವಾಗಲಿ’ ಗೀತೆ 1924ರ ಡಿಸೆಂಬರ್‌ನಲ್ಲಿ ಬೆಳಗಾವಿಯ ಕಾಂಗ್ರೆಸ್ ಅಧಿವೇಶನದಲ್ಲಿ ಮೊಳಗಿ ಏಕೀಕರಣದ ಗೀತೆಯಾಯಿತು. ಗಾಂಧೀಜಿ ಅಧ್ಯಕ್ಷತೆ ವಹಿಸಿದ ಏಕೈಕ ಕಾಂಗ್ರೆಸ್ ಅಧಿವೇಶನ ಅದು. ಅವರ ಮುಂದೆ ಹಾಡಿದವರಲ್ಲಿ ಆಗಿನ್ನೂ ಹನ್ನೊಂದು ವರ್ಷದ ಬಾಲಕಿಯಾಗಿದ್ದ ಗಂಗೂಬಾಯಿ ಹಾನಗಲ್ ಒಬ್ಬರು. ಅಧಿವೇಶನದ ಬಿಡಾರಕ್ಕೆ ವಿಜಯನಗರವೆಂದು ಹೆಸರಿಟ್ಟಿದ್ದರು. ಮೊದಲ ಕರ್ನಾಟಕ ಏಕೀಕರಣ ಪರಿಷತ್ತೂ ಆಗಲೇ ಅಲ್ಲೇ ಸೇರಿತು.

ಬೇಂದ್ರೆಯವರು ‘ನರಬಲಿ’ ಕವನಕ್ಕಾಗಿ ಸೆರೆವಾಸ ಅನುಭವಿಸಿ, ಬಳಿಕ ಮುಗದ ಗ್ರಾಮದಲ್ಲಿ ಸ್ಥಾನಬದ್ಧರಾಗಿದ್ದರು. ಕವಿತೆಯೊಂದನ್ನು ಸರ್ಕಾರ ಬಾಂಬಿನಷ್ಟೇ ಅಪಾಯಕಾರಿಯೆಂದು ಎಣಿಸಿದ ಪ್ರಸಂಗ ಕನ್ನಡದಲ್ಲಿ ಇದು. ಮಂಜೇಶ್ವರದ ಗೋವಿಂದ ಪೈಗಳಿಗೆ 1949ರಲ್ಲಿ ಮದ್ರಾಸ್ ಸರ್ಕಾರ ರಾಷ್ಟ್ರಕವಿ ಎಂಬ ಬಿರುದಿತ್ತಿತು. ಕಾಸರಗೋಡಿನ ಕಯ್ಯಾರ ಕಿಞ್ಞಣ್ಣ ರೈಗಳ (1915–2015) ಬಾವುಟದ ಹಾಡು ಕನ್ನಡ ಶಾಲೆಗಳಲ್ಲಿ ತಲೆಮಾರುಗಳಿಂದ ಬಾಯಿಪಾಠ. ಆ ಹಾಡನ್ನು ಕೊಟ್ಟ ಕವಿ 1956ರ ನಂತರ ತಮ್ಮ ನೆಲ ಕರ್ನಾಟಕಕ್ಕೆ ಸೇರಲೆಂದು ಬದುಕಿಡೀ ಹೋರಾಡಿದರು. ಅವರಲ್ಲಿ ದೇಶದ ಬಾವುಟಕ್ಕೂ ನಾಡಿನ ಹಂಬಲಕ್ಕೂ ಜಗಳವಿರಲಿಲ್ಲ. ಕುವೆಂಪು ರಚಿಸಿದ ಗೀತೆ ಕರ್ನಾಟಕವನ್ನು ಭಾರತಮಾತೆಯ ಮಗಳೆಂದು ಕರೆದು ಈ ಸಂಬಂಧವನ್ನು ಸ್ಪಷ್ಟವಾಗಿ ನೆಲೆಗೊಳಿಸಿತು. 2004ರ ಜನವರಿ 6ರಂದು ಅದು ನಾಡಗೀತೆಯೆಂದು ಘೋಷಿತವಾಯಿತು. 2022ರ ಸೆಪ್ಟೆಂಬರ್‌ನಲ್ಲಿ ಸರ್ಕಾರ ಮೈಸೂರು ಅನಂತಸ್ವಾಮಿಯವರ ಧಾಟಿಯನ್ನೂ 2 ನಿಮಿಷ 30 ಸೆಕೆಂಡಿನ ಅವಧಿಯನ್ನೂ ನಿಗದಿಪಡಿಸಿತು.

ಮೈಸೂರು ಸಂಸ್ಥಾನದ ದಾರಿ ಬೇರೆಯಾಗಿತ್ತು. ಬಸವಪ್ಪ ಶಾಸ್ತ್ರಿಗಳು ರಚಿಸಿದ ‘ಕಾಯೌ ಶ್ರೀ ಗೌರಿ’ ಅಲ್ಲಿನ ಸಂಸ್ಥಾನಗೀತೆ. ಅದು ಅರಸನ ಕ್ಷೇಮಕ್ಕಾಗಿ ದೇವಿಗೆ ಮಾಡುವ ಪ್ರಾರ್ಥನೆ. ನಾಡೇ ದೇವಿಯಾಗುವ ‘ವಂದೇ ಮಾತರಂ’ನ ಪಕ್ಕದಲ್ಲಿಟ್ಟರೆ ಎರಡು ಕಾಲಗಳ ನಡುವಿನ ಅಂತರ ತಿಳಿಯುತ್ತದೆ.

ರಾಷ್ಟ್ರಧ್ವಜ

ಬೆಳವಣಿಗೆ. 1907ರ ಆಗಸ್ಟ್ 22ರಂದು ಜರ್ಮನಿಯ ಸ್ಟುಟ್‌ಗಾರ್ಟಿನಲ್ಲಿ ಸಮಾಜವಾದಿಗಳ ಸಮ್ಮೇಳನದಲ್ಲಿ ಮೇಡಂ ಭಿಕಾಜಿ ಕಾಮಾ ಬಿಚ್ಚಿ ತೋರಿಸಿದ ಭಾರತದ ಬಾವುಟದ ನಡುಪಟ್ಟಿಯಲ್ಲಿ ‘ವಂದೇ ಮಾತರಂ’ ಎಂಬ ಅಕ್ಷರಗಳಿದ್ದವು. ಗುಜರಾತಿನ ಇಂದುಲಾಲ್ ಯಾಜ್ಞಿಕರು ಗುಟ್ಟಾಗಿ ಭಾರತಕ್ಕೆ ತಂದ ಆ ಧ್ವಜ ಈಗ ಪುಣೆಯಲ್ಲಿ ಟಿಳಕರ ಕೇಸರಿವಾಡೆಯಲ್ಲಿದೆ. ಶನಿವಾರವಾಡೆಯಿಂದ ಅಲ್ಲಿಗೆ ನಡೆದೇ ಹೋಗಬಹುದು. 1921ರಲ್ಲಿ ಬೆಜವಾಡದಲ್ಲಿ ಪಿಂಗಳಿ ವೆಂಕಯ್ಯನವರು ಗಾಂಧೀಜಿಗೆ ತೋರಿಸಿದ ವಿನ್ಯಾಸದಿಂದ ಚರಕದ ಬಾವುಟ ಬೆಳೆಯಿತು. 1931ರಲ್ಲಿ ಕಾಂಗ್ರೆಸ್ ಕೇಸರಿ, ಬಿಳಿ, ಹಸಿರು ಬಣ್ಣಗಳನ್ನು ಸ್ವೀಕರಿಸಿ, ಅವುಗಳಿಗೆ ಮತೀಯ ಅರ್ಥವಿಲ್ಲವೆಂದು ಸಾರಿತು. 1947ರ ಜುಲೈ 22ರಂದು ಸಂವಿಧಾನ ಸಭೆ ಚರಕದ ಜಾಗದಲ್ಲಿ 24 ಅರೆಗಳ ಅಶೋಕಚಕ್ರವನ್ನಿಟ್ಟು ಧ್ವಜವನ್ನು ಅಂಗೀಕರಿಸಿತು.

ಕರ್ನಾಟಕದಲ್ಲಿ ಧ್ವಜ ಚಳವಳಿ. ಬಾವುಟಕ್ಕೆ ಶಿಸ್ತಿನಿಂದ ವಂದಿಸುವ ಪದ್ಧತಿಯನ್ನು ದೇಶಕ್ಕೆ ಕಲಿಸಿದ ಸಂಸ್ಥೆ ಹುಬ್ಬಳ್ಳಿಯದು. ವಿಜಯಪುರ ಜಿಲ್ಲೆಯ ತಿಡಗುಂದಿಯಲ್ಲಿ ಹುಟ್ಟಿದ ಡಾ. ನಾ.ಸು. ಹರ್ಡೀಕರ್ 1923ರ ನಾಗಪುರ ಧ್ವಜ ಸತ್ಯಾಗ್ರಹದಲ್ಲಿ ಹುಬ್ಬಳ್ಳಿಯ ಸ್ವಯಂಸೇವಕರೊಂದಿಗೆ ಸೆರೆಮನೆ ಕಂಡರು. ಸೆರೆಮನೆಯಲ್ಲಿ ಶಿಸ್ತಿಲ್ಲದ ಸತ್ಯಾಗ್ರಹಿಗಳು ಬೇಗ ಕುಗ್ಗಿದ್ದನ್ನು ನೋಡಿ, ಅದೇ ವರ್ಷದ ಡಿಸೆಂಬರ್‌ನಲ್ಲಿ ಕಾಕಿನಾಡದಲ್ಲಿ ಹಿಂದುಸ್ತಾನಿ ಸೇವಾದಳವನ್ನು ಕಟ್ಟಿದರು. ತಿಂಗಳ ಕೊನೆಯ ಭಾನುವಾರ ಬೆಳಿಗ್ಗೆ ಧ್ವಜವಂದನೆ ಮಾಡುವುದು ಸೇವಾದಳದ ವಾಡಿಕೆ. ಸಾಲು ನಿಲ್ಲುವುದು, ಹಗ್ಗ ಎಳೆಯುವುದು, ವಂದಿಸುವುದು, ಹಾಡುವುದು ಎಂಬ ಕ್ರಮವನ್ನು ಇಂದಿಗೂ ಪ್ರತಿ ಶಾಲೆಯ ಅಂಗಳದಲ್ಲಿ ಕಾಣಬಹುದು. ದಳದ ಮಹಿಳಾ ವಿಭಾಗವನ್ನು ಉಮಾಬಾಯಿ ಕುಂದಾಪುರ ಮುನ್ನಡೆಸಿದರು. ಬೆಳಗಾವಿ ಅಧಿವೇಶನಕ್ಕೆ ಅವರು ಸಜ್ಜುಗೊಳಿಸಿದ ಸ್ವಯಂಸೇವಕಿಯರಲ್ಲಿ ವಿಧವೆಯರೂ ಇದ್ದರು.

ಮೈಸೂರು ಸಂಸ್ಥಾನದಲ್ಲಿ ಕಾಂಗ್ರೆಸ್ ಬಾವುಟ ಏರಿಸುವುದೇ ಅಪರಾಧವಾಗಿತ್ತು. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಬಳಿಯ ಶಿವಪುರದಲ್ಲಿ ಟಿ. ಸಿದ್ದಲಿಂಗಯ್ಯನವರ ನೇತೃತ್ವದಲ್ಲಿ ಧ್ವಜ ಸತ್ಯಾಗ್ರಹ ನಡೆಯಿತು. ಅದೇ ತಿಂಗಳ 25ರಂದು ಗೌರಿಬಿದನೂರಿನ ಹತ್ತಿರದ ವಿದುರಾಶ್ವತ್ಥದಲ್ಲಿ ಜಾತ್ರೆಗೆ ಕೂಡಿದ ಜನ ಬಾವುಟ ಏರಿಸಹೋದಾಗ ಪೊಲೀಸರು ಗುಂಡು ಹಾರಿಸಿದರು. ಸತ್ತವರ ಸಂಖ್ಯೆಯಲ್ಲಿ ಸರ್ಕಾರದ ಲೆಕ್ಕಕ್ಕೂ ಜನರ ಲೆಕ್ಕಕ್ಕೂ ದೊಡ್ಡ ವ್ಯತ್ಯಾಸವಿದೆ. ಮೇ ತಿಂಗಳಲ್ಲಿ ಸರ್ದಾರ್ ಪಟೇಲರೂ ಆಚಾರ್ಯ ಕೃಪಲಾನಿಯವರೂ ಬೆಂಗಳೂರಿಗೆ ಬಂದು ದಿವಾನ್ ಮಿರ್ಜಾ ಇಸ್ಮಾಯಿಲರೊಂದಿಗೆ ಮಾತುಕತೆ ನಡೆಸಿದರು. ಕಾಂಗ್ರೆಸ್ ಧ್ವಜವನ್ನು ಸಂಸ್ಥಾನದ ಧ್ವಜದ ಜೊತೆಯಲ್ಲಿ ಹಾರಿಸಬಹುದೆಂದು ಒಪ್ಪಂದವಾಯಿತು.

1942ರ ಸೆಪ್ಟೆಂಬರ್‌ನಲ್ಲಿ ಶಿಕಾರಿಪುರ ತಾಲ್ಲೂಕಿನ ಈಸೂರು ವೀರಭದ್ರ ದೇವಾಲಯದ ಮೇಲೆ ಬಾವುಟ ಏರಿಸಿ ತನ್ನನ್ನು ಸ್ವತಂತ್ರವೆಂದು ಸಾರಿಕೊಂಡಿತು. ‘ಏಸೂರು ಕೊಟ್ಟರೂ ಈಸೂರು ಕೊಡೆವು’ ಎಂಬುದು ಆ ಊರಿನ ಘೋಷಣೆ. ಗಾಂಧಿ ಟೋಪಿ ಅಲ್ಲಿ ಬಾವುಟದಷ್ಟೇ ಬಲವಾದ ಗುರುತಾಗಿತ್ತು. ಊರಿಗೆ ಬಂದ ಅಧಿಕಾರಿಗಳಿಗೂ ಅದನ್ನು ತೊಡಿಸಲು ಹೋದದ್ದೇ ಘರ್ಷಣೆಗೆ ತಿರುಗಿತು. ಅಮಲ್ದಾರ ಮತ್ತು ಸಬ್ ಇನ್‌ಸ್ಪೆಕ್ಟರ್ ಕೊಲೆಯಾದರು. 1943ರ ಮಾರ್ಚ್‌ನಲ್ಲಿ ಊರಿನ ಐವರನ್ನು ಗಲ್ಲಿಗೇರಿಸಲಾಯಿತು. ನಿಜಾಮನ ಆಳ್ವಿಕೆಯ ಕಲಬುರಗಿ, ರಾಯಚೂರು, ಬೀದರ್ ಕಡೆ ತ್ರಿವರ್ಣಧ್ವಜ ಅಡ್ಡಿಯಿಲ್ಲದೆ ಹಾರಿದ್ದು 1948ರ ಸೆಪ್ಟೆಂಬರ್ 17ರ ನಂತರ. ಆದುದರಿಂದ ಅಲ್ಲಿ ಆ ದಿನವೂ ಧ್ವಜಾರೋಹಣವಾಗುತ್ತದೆ.

ತಯಾರಿಕೆ. ಅಧಿಕೃತ ಖಾದಿ ಧ್ವಜದ ತಯಾರಿಕೆಯಲ್ಲಿ ಧಾರವಾಡ ಜಿಲ್ಲೆಗೆ ವಿಶೇಷ ಸ್ಥಾನವಿದೆ. ಧಾರವಾಡ ತಾಲ್ಲೂಕಿನ ಗರಗ ಗ್ರಾಮದ ಖಾದಿ ಸಂಘ 1950ರ ದಶಕದಿಂದ ಧ್ವಜದ ಬಟ್ಟೆ ನೇಯುತ್ತ ಬಂದಿದೆ. 1957ರ ನವೆಂಬರ್ 1ರಂದು, ಕರ್ನಾಟಕ ಏಕೀಕರಣದ ಮೊದಲ ವಾರ್ಷಿಕ ದಿನ, ಹುಬ್ಬಳ್ಳಿಯಲ್ಲಿ ಸ್ಥಾಪನೆಯಾದ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘ 2000ದ ದಶಕದಲ್ಲಿ ಭಾರತೀಯ ಮಾನಕ ಬ್ಯೂರೋದ ಪರವಾನಗಿ ಪಡೆದು ಬೆಂಗೇರಿಯಲ್ಲಿ ಧ್ವಜ ಘಟಕ ನಡೆಸುತ್ತಿದೆ. ಬಹುಕಾಲ ಇದು ದೇಶದಲ್ಲೇ ಇಂಥ ಏಕೈಕ ಘಟಕವೆನಿಸಿತ್ತು.

ಬಟ್ಟೆ ಬಾಗಲಕೋಟೆ ಕಡೆಯ ತುಳಸಿಗೇರಿಯ ಮಗ್ಗಗಳಿಂದ ಬರುತ್ತದೆ. ಎಳೆಗಳ ಎಣಿಕೆ, ತೂಕ, ಬಣ್ಣದ ಗಟ್ಟಿತನಗಳ ಪರೀಕ್ಷೆಯಾದ ಮೇಲೆ ಥಾನುಗಳನ್ನು ಮೂರು ಪಾಲು ಮಾಡಿ ಒಂದಕ್ಕೆ ಕೇಸರಿ, ಒಂದಕ್ಕೆ ಹಸಿರು ಬಣ್ಣ ಹಾಕುತ್ತಾರೆ. ಇನ್ನೊಂದನ್ನು ಬಿಳುಪುಗೊಳಿಸುತ್ತಾರೆ. ಬಿಳಿ ಪಟ್ಟಿಯ ಎರಡು ಮಗ್ಗುಲಿಗೂ ಚಕ್ರ ಅಚ್ಚಾಗಬೇಕು. ಒಂದು ಬದಿಯ ಅರೆ ಇನ್ನೊಂದು ಬದಿಯ ಅರೆಯ ಮೇಲೆ ಕರಾರುವಾಕ್ಕಾಗಿ ಕೂರಬೇಕು. ಕೂದಲೆಳೆಯಷ್ಟು ಸರಿದರೂ ಬೆಳಕಿಗೆ ಹಿಡಿದಾಗ 24 ಅರೆಗಳು ಇಮ್ಮಡಿಯಾಗಿ ಕಾಣುತ್ತವೆ, ಆ ಪಟ್ಟಿ ತಿರಸ್ಕೃತ. ಮೂರು ಪಟ್ಟಿಗಳ ಅಗಲ ಸಮ ಬರುವಂತೆ ಹೊಲಿದು, ಕೋಲಿನ ಬದಿಗೆ ಒತ್ತಾಗಿ ನೇಯ್ದ ದಪ್ಪ ಖಾದಿಯ ಪಟ್ಟಿ ಸೇರಿಸಿ, ಅದರೊಳಗೆ ಹಗ್ಗ ಹಾಯಿಸಿ ಮರದ ಗುಬಟನ್ನು ಕಟ್ಟಿದರೆ ಧ್ವಜ ಮುಗಿಯಿತು. ಉದ್ದ–ಅಗಲ 3:2. ಮಾನಕದಲ್ಲಿ ಒಂಬತ್ತು ಅಳತೆಗಳಿವೆ: ದೊಡ್ಡದು 6300×4200 ಮಿ.ಮೀ., ಕಾರಿನ ಮೇಲಿನದು 225×150, ಮೇಜಿನ ಮೇಲಿಡುವುದು 150×100. ಹೊಲಿಯುವ ಕೈಗಳು ಬಹುಪಾಲು ಹೆಣ್ಣುಮಕ್ಕಳವು. ದೇಶದ ಅತ್ಯುನ್ನತ ಕಟ್ಟಡಗಳ ಮೇಲೆ ಹಾರುವ ಬಟ್ಟೆ ಮೊದಲು ಅವರ ಮಡಿಲ ಮೇಲೆ ಹರಡಿರುತ್ತದೆ.

ರಾಷ್ಟ್ರಮುದ್ರೆ ಮತ್ತು ರಾಜ್ಯದ ಮುದ್ರೆ

1950ರ ಜನವರಿ 26ರಂದು ಸಾರನಾಥದ ಅಶೋಕಸ್ತಂಭದ ಸಿಂಹಶಿಖರ ರಾಷ್ಟ್ರಮುದ್ರೆಯಾಯಿತು. ಕೆಳಗಿನ ‘ಸತ್ಯಮೇವ ಜಯತೇ’ ಮುಂಡಕೋಪನಿಷತ್ತಿನದು. ಶಾಸನಗಳಲ್ಲಿ ‘ದೇವಾನಾಂಪ್ರಿಯ’ ಎಂದಷ್ಟೇ ಕಾಣುತ್ತಿದ್ದ ದೊರೆ ಅಶೋಕನೇ ಎಂಬುದಕ್ಕೆ ಹೆಸರು ಹಿಡಿದು ಸಾಕ್ಷ್ಯ ನುಡಿದದ್ದು 1915ರಲ್ಲಿ ರಾಯಚೂರು ಜಿಲ್ಲೆಯ ಮಸ್ಕಿಯಲ್ಲಿ ಸಿಕ್ಕ ಶಿಲಾಶಾಸನ. ಕರ್ನಾಟಕ ಸರ್ಕಾರದ ಮುದ್ರೆಯಲ್ಲಿ ಮೈಸೂರು ಅರಸರಿಂದ ಬಂದ ಗಂಡಭೇರುಂಡ, ಎರಡು ಬದಿಗೆ ಆನೆಮೊಗದ ಸಿಂಹಗಳು, ನೆತ್ತಿಯ ಮೇಲೆ ಅಶೋಕನ ಸಿಂಹಶಿಖರ ಇವೆ. ಗಂಡಭೇರುಂಡದ ಗುರುತು ಮೈಸೂರಿಗಿಂತ ಬಹಳ ಹಳೆಯದು. ಬಳ್ಳಿಗಾವೆಯ 11ನೇ ಶತಮಾನದ ಕಂಬದ ಮೇಲೂ ಅದಿದೆ. ಹಳದಿ–ಕೆಂಪು ಬಣ್ಣದ ಕನ್ನಡ ಬಾವುಟವನ್ನು 1960ರ ದಶಕದಲ್ಲಿ ಮ. ರಾಮಮೂರ್ತಿಯವರು ರೂಪಿಸಿದರು. 2018ರ ಮಾರ್ಚ್‌ನಲ್ಲಿ ರಾಜ್ಯ ಸರ್ಕಾರ ಹಳದಿ, ಬಿಳಿ, ಕೆಂಪು ಪಟ್ಟಿಗಳ ನಾಡಧ್ವಜದ ವಿನ್ಯಾಸವನ್ನು ಪ್ರಕಟಿಸಿತಾದರೂ ಅದು ಶಾಸನಬದ್ಧ ಮನ್ನಣೆ ಪಡೆದಿಲ್ಲ.

ಸೇನಾ ಲಾಂಛನಗಳು ಮತ್ತು ಖಡಕಿ

ಖಡಕಿ 19ನೇ ಶತಮಾನದ ಉತ್ತರಾರ್ಧದಿಂದ ಬಾಂಬೆ ಸ್ಯಾಪರ್ಸ್ ಪಡೆಯ ಕೇಂದ್ರ. ಈಗಿನ ಹೆಸರು ಬಾಂಬೆ ಎಂಜಿನಿಯರ್ ಗ್ರೂಪ್. 1869ರಲ್ಲಿ ಆರಂಭವಾದ ಮದ್ದುಗುಂಡಿನ ಕಾರ್ಖಾನೆಯೂ ಇಲ್ಲೇ ಇದೆ. ಸೇತುವೆ ಕಟ್ಟುವುದು, ದಾರಿ ಕಡಿಯುವುದು, ನೆಲಬಾಂಬು ತೆಗೆಯುವುದು ಸ್ಯಾಪರ್‌ಗಳ ಕೆಲಸ. ಪಡೆಯ ಹೆಸರಿಗೆ ಬ್ರಿಟಿಷರು ಸೇರಿಸಿದ್ದ ‘ರಾಯಲ್’ ಎಂಬ ಪದ ಸ್ವಾತಂತ್ರ್ಯಾನಂತರ ಕಳಚಿತು. ಬಿಲ್ಲೆಗಳ ಮೇಲಿದ್ದ ಕಿರೀಟದ ಜಾಗಕ್ಕೆ ಅಶೋಕನ ಸಿಂಹಗಳು ಬಂದವು. ದೊರೆಯ ಹೆಸರಿನ ಹಳೆಯ ರೆಜಿಮೆಂಟ್ ನಿಶಾನೆಗಳನ್ನು 1950ರ ನವೆಂಬರ್‌ನಲ್ಲಿ ಡೆಹ್ರಾಡೂನಿನ ಸೇನಾ ಅಕಾಡೆಮಿಯಲ್ಲಿ ಗೌರವದಿಂದ ಇಳಿಸಿಡಲಾಯಿತು.

ಇಲ್ಲಿನ ಯುದ್ಧಸ್ಮಶಾನ ಎರಡನೇ ಮಹಾಯುದ್ಧದವರದು. ಅದರೊಳಗಿನ ಖಡಕಿ ಸ್ಮಾರಕದಲ್ಲಿ ಮೊದಲನೇ ಮಹಾಯುದ್ಧದ ಕಾಲದಲ್ಲಿ ಭಾರತದಲ್ಲಿ ತೀರಿಕೊಂಡು, ಸಮಾಧಿಗಳನ್ನು ಕಾಪಾಡಲಾಗದೆ ಹೋದ 1,800ಕ್ಕೂ ಹೆಚ್ಚು ಸೈನಿಕರ ಹೆಸರುಗಳಿವೆ.

ಆರಂಭದಲ್ಲಿ ಹೇಳಿದ ಯೋಧ ರಾಮ ರಾಘೋಬಾ ರಾಣೆ 1918ರ ಜೂನ್ 26ರಂದು ಕಾರವಾರ ತಾಲ್ಲೂಕಿನ ಚೆಂಡಿಯಾದಲ್ಲಿ ಹುಟ್ಟಿದರು. 1940ರ ಜುಲೈನಲ್ಲಿ ಬಾಂಬೆ ಎಂಜಿನಿಯರ್ಸ್ ಸೇರಿದರು. 1948ರ ಏಪ್ರಿಲ್ 8ರಿಂದ 11ರವರೆಗೆ ಜಮ್ಮು–ಕಾಶ್ಮೀರದ ನೌಶೇರಾ–ರಾಜೌರಿ ದಾರಿಯಲ್ಲಿ ಟ್ಯಾಂಕುಗಳಿಗೆ ಹಾದಿ ಬಿಡಿಸುವ ಕೆಲಸ ಸೆಕೆಂಡ್ ಲೆಫ್ಟಿನೆಂಟ್ ರಾಣೆಯವರ ತುಕಡಿಯದು. ಮೊದಲ ದಿನವೇ ಗಾಯಗೊಂಡರೂ ಅವರು ಹಿಂದಿರುಗಲಿಲ್ಲ. ನೆಲಬಾಂಬುಗಳ ಹರವಿನಲ್ಲಿ, ಮೇಲಿಂದ ಗುಂಡು ಬೀಳುತ್ತಿರುವಾಗ, ಟ್ಯಾಂಕಿನ ಅಡಿಯಲ್ಲಿ ತೆವಳುತ್ತ, ಹಗ್ಗ ಜಗ್ಗಿ ಚಾಲಕನಿಗೆ ನಿಲ್ಲು, ನಡೆ ಎಂಬ ಸಂಜ್ಞೆ ಕೊಡುತ್ತ ಮುಂದೆ ಸಾಗಿದರು. ಅಡ್ಡ ಬಿದ್ದ ಮರಗಳನ್ನು ಸಿಡಿಸಿ, ಮುರಿದ ದಾರಿಯನ್ನು ಕಟ್ಟಿ, ಟ್ಯಾಂಕುಗಳನ್ನು ರಾಜೌರಿಯ ಕಡೆಗೆ ಮುಟ್ಟಿಸಿದರು. ಪರಮವೀರ ಚಕ್ರವನ್ನು ಬದುಕಿರುವಾಗಲೇ ಪಡೆದ ಮೊದಲ ಯೋಧ ಅವರು. ಮೇಜರ್ ಆಗಿ ನಿವೃತ್ತರಾಗಿ 1994ರಲ್ಲಿ ಪುಣೆಯಲ್ಲಿ ತೀರಿಕೊಂಡರು.

ಪರಮವೀರ ಚಕ್ರ ಸ್ವತಃ ಒಂದು ಲಾಂಛನ. ಸ್ಥಾಪನೆ 1950ರ ಜನವರಿ 26. ಅನ್ವಯ 1947ರ ಆಗಸ್ಟ್ 15ರಿಂದ. ಕಂಚಿನ ದುಂಡು ಬಿಲ್ಲೆಯ ನಡುವೆ ಸಿಂಹಮುದ್ರೆ, ಸುತ್ತ ಇಂದ್ರನ ವಜ್ರಾಯುಧ ನಾಲ್ಕು ಸಲ, ಪಟ್ಟಿ ನೇರಳೆ. ದಧೀಚಿ ಋಷಿ ತನ್ನ ಎಲುಬನ್ನೇ ಕೊಟ್ಟು ವಜ್ರಾಯುಧವಾಗಿಸಿದ ಕಥೆ ಇದರ ಹಿಂದಿದೆ. ಇದನ್ನು ರೂಪಿಸಿದ ಸಾವಿತ್ರಿ ಖಾನೋಲ್ಕರ್ ಹುಟ್ಟಿನಿಂದ ಯುರೋಪಿನವರು. ಭಾರತೀಯ ಸೇನಾಧಿಕಾರಿಯನ್ನು ಮದುವೆಯಾಗಿ ಇಲ್ಲಿಯವರಾದರು.

ಬಳಕೆ ಮತ್ತು ಕಾನೂನು

1971ರ ಕಾಯಿದೆ ರಾಷ್ಟ್ರಧ್ವಜ, ಸಂವಿಧಾನಗಳ ಅವಮಾನವನ್ನೂ ರಾಷ್ಟ್ರಗೀತೆಗೆ ಅಡ್ಡಿಪಡಿಸುವುದನ್ನೂ ಶಿಕ್ಷಾರ್ಹಗೊಳಿಸಿತು. 1976ರ 42ನೇ ತಿದ್ದುಪಡಿಯ 51ಎ ವಿಧಿ ಧ್ವಜ, ಗೀತೆಗಳನ್ನು ಗೌರವಿಸುವುದನ್ನು ಮೂಲಭೂತ ಕರ್ತವ್ಯವಾಗಿಸಿತು. ಧಾರ್ಮಿಕ ಕಾರಣದಿಂದ ಹಾಡದಿದ್ದರೂ ಎದ್ದು ನಿಂತು ಗೌರವ ತೋರಿದ ಮಕ್ಕಳನ್ನು ಶಾಲೆಯಿಂದ ಹೊರಹಾಕುವಂತಿಲ್ಲವೆಂದು 1986ರಲ್ಲಿ ಸರ್ವೋಚ್ಚ ನ್ಯಾಯಾಲಯ ಬಿಜೋ ಇಮ್ಯಾನುಯೆಲ್ ಪ್ರಕರಣದಲ್ಲಿ ತೀರ್ಪಿತ್ತಿತು. ಒತ್ತಾಯಕ್ಕೂ ಗೌರವಕ್ಕೂ ಇರುವ ಗೆರೆಯನ್ನು ಇಷ್ಟು ಸರಳವಾಗಿ ಎಳೆದ ತೀರ್ಪು ಅಪರೂಪ. 2002ರ ಜನವರಿ 26ರಿಂದ ಜಾರಿಗೆ ಬಂದ ಧ್ವಜ ಸಂಹಿತೆ ಸಾಮಾನ್ಯ ನಾಗರಿಕರಿಗೂ ವರ್ಷವಿಡೀ ಧ್ವಜ ಹಾರಿಸುವ ಅವಕಾಶವಿತ್ತಿತು. 2004ರಲ್ಲಿ ನ್ಯಾಯಾಲಯ ಅದನ್ನು ಅಭಿವ್ಯಕ್ತಿ ಸ್ವಾತಂತ್ರ್ಯದ ಭಾಗವೆಂದು ಎತ್ತಿಹಿಡಿಯಿತು.

ಆಚರಣೆಯಲ್ಲಿ ಆಗಸ್ಟ್ 15ರಂದು ಕೆಳಗೆ ಕಟ್ಟಿದ ಧ್ವಜವನ್ನು ಮೇಲೇರಿಸುತ್ತಾರೆ. ಜನವರಿ 26ರಂದು ತುದಿಯಲ್ಲೇ ಮಡಿಸಿ ಕಟ್ಟಿದ್ದನ್ನು ಅರಳಿಸುತ್ತಾರೆ.

ದೂರದರ್ಶನದ ಕಾಲದಲ್ಲಿ ದೇಶಭಕ್ತಿ ಗೀತೆ ಹೊಸ ರೂಪ ತಾಳಿತು. 1988ರ ಆಗಸ್ಟ್ 15ರಂದು ಪ್ರಸಾರವಾದ ‘ಮಿಲೇ ಸುರ್ ಮೇರಾ ತುಮ್ಹಾರಾ’ ಕನ್ನಡವೂ ಸೇರಿ ಹಲವು ಭಾಷೆಗಳಲ್ಲಿ ಒಂದೇ ಮಾತನ್ನು ಭೈರವಿಯಲ್ಲಿ ಹೇಳುತ್ತದೆ. ಅದನ್ನು ಎತ್ತಿಕೊಡುವ ಮೊದಲ ದನಿ ಗದಗ ನೆಲದಲ್ಲಿ ಹುಟ್ಟಿ ಪುಣೆಯಲ್ಲಿ ನೆಲೆಸಿದ ಪಂಡಿತ ಭೀಮಸೇನ ಜೋಶಿಯವರದು.

ಈಗಿನ ಸ್ಥಿತಿ

2021ರ ಡಿಸೆಂಬರ್ 30ರ ತಿದ್ದುಪಡಿಯಿಂದ ಯಂತ್ರದಲ್ಲಿ ತಯಾರಾದ, ಪಾಲಿಯೆಸ್ಟರ್ ಬಟ್ಟೆಯ ಧ್ವಜಗಳಿಗೂ ಅನುಮತಿ ದೊರೆಯಿತು. 2022ರ ಜುಲೈನಲ್ಲಿ ರಾತ್ರಿಯೂ ಧ್ವಜ ಹಾರಿಸಬಹುದೆಂದಾಯಿತು. ಆ ಆಗಸ್ಟಿನ ‘ಹರ್ ಘರ್ ತಿರಂಗಾ’ ಅಭಿಯಾನದಲ್ಲಿ ಬಾವುಟ ಮನೆಮನೆಗೆ ತಲುಪಿತು. ಅದೇ ವೇಳೆ ಖಾದಿ ಧ್ವಜದ ಬೇಡಿಕೆ ಕುಸಿಯುವ ಆತಂಕದಿಂದ ಬೆಂಗೇರಿಯ ಕೆಲಸಗಾರರು ಪ್ರತಿಭಟಿಸಿದರು. ನೂಲು ಚರಕದಿಂದಲೇ ಬರಬೇಕೆಂಬ ನಿಯಮ ಧ್ವಜದ ಅರ್ಥದ ಒಂದು ಭಾಗವಾಗಿತ್ತು. ಅದು ಸಡಿಲಗೊಂಡದ್ದು ಬರಿಯ ವ್ಯಾಪಾರದ ಪ್ರಶ್ನೆಯಲ್ಲ.

ಬೆಳಗಾವಿಯಲ್ಲಿ ಗಡಿವಿವಾದದ ಕಾರಣ ಹಳದಿ–ಕೆಂಪು ಬಾವುಟಕ್ಕೂ ಭಗವಾ ಧ್ವಜಕ್ಕೂ ಆಗಾಗ ಪೈಪೋಟಿ ಏಳುತ್ತದೆ. ‘ವಂದೇ ಮಾತರಂ’ ರಚನೆಯ 150ನೇ ವರ್ಷದ ಸ್ಮರಣೆ 2025ರ ನವೆಂಬರ್ 7ರಂದು ಆರಂಭವಾಯಿತು.

2023ರ ಜನವರಿ 23ರಂದು ಅಂಡಮಾನ್–ನಿಕೋಬಾರಿನ 21 ದ್ವೀಪಗಳಿಗೆ 21 ಪರಮವೀರ ಚಕ್ರ ವಿಜೇತರ ಹೆಸರಿಡಲಾಯಿತು. ಅವುಗಳಲ್ಲಿ ಒಂದು ರಾಣೆ ದ್ವೀಪ. ರಾಣೆಯವರ ಪ್ರತಿಮೆ 2006ರಿಂದ ಕಾರವಾರದ ಕಡಲತೀರದಲ್ಲಿ, ಐ.ಎನ್.ಎಸ್. ಚಪಲ್ ಯುದ್ಧನೌಕೆಯ ವಸ್ತುಸಂಗ್ರಹಾಲಯದ ಬಳಿ ನಿಂತಿದೆ. ರಾಷ್ಟ್ರಗೀತೆಯ ಕವಿ ತಾರುಣ್ಯದಲ್ಲಿ ಕಾರವಾರದಲ್ಲಿ ಉಳಿದು ನಾಟಕವೊಂದನ್ನು ಬರೆದಿದ್ದರಿಂದ ಆ ತೀರಕ್ಕೆ ರವೀಂದ್ರನಾಥ ಠಾಕೂರ್ ಕಡಲತೀರ ಎಂದೇ ಹೆಸರು.